ಆಕ್ಸ್ ಹತ್ತದ ಮನೆ

ಹೋದ ತಿಂಗಳು ನಮ್ಮ ಮನೆಯ ಬಿಸಿ ಏರಿಸಿ ಇಳಿಸುವ ಥರ್ಮೋಸ್ಟಾಟ್ ಬದಲಾಯಿತು. ಹೊಸದು ಗುಂಡಗೆ, ಗಾಜಿನ ಮುಖದ್ದು, ಫೋನಿನಲ್ಲಿ ಹೇಳಿದರೂ ಮಾತು ಕೇಳುವಂಥದ್ದು. ಕೂರಿಸಲು ಬಂದ ಮೆಕ್ಯಾನಿಕ್ ಹಳೆಯದನ್ನು ಗೋಡೆಯಿಂದ ಬಿಚ್ಚಿ, ಎಸೆಯಲೋ ಇಟ್ಟುಕೊಳ್ಳುತ್ತೀರೋ ಎಂದು ಕೇಳಿದ. ಇಟ್ಟುಕೊಳ್ಳುತ್ತೇನೆ ಎಂದೆ. ಸೋಪಿನ ಡಬ್ಬಿಯಷ್ಟು ದೊಡ್ಡದಾದ, ಹಳದಿಗಟ್ಟಿದ ಪ್ಲಾಸ್ಟಿಕ್ ಪೆಟ್ಟಿಗೆ. ಅದರ ಕೆಳಗಡೆ ಸಾಸಿವೆ ಕಾಳಿನಷ್ಟು ಒಂದು ಕೆಂಪು ದೀಪ, ಪಕ್ಕದಲ್ಲಿ ಇಂಗ್ಲಿಷಿನ ಮೂರು ಅಕ್ಷರ. ಆಕ್ಸ್. ಆಕ್ಸಿಲಿಯರಿ ಹೀಟ್, ಅಂದರೆ ಹೆಚ್ಚುವರಿ ಶಾಖ, ಎನ್ನುವುದರ ಮೊಟಕು.

"ಅದನ್ನ ಯಾಕ್ರೀ ಇಟ್ಕೊತೀರಾ? ಗ್ಯಾರೇಜಲ್ಲಿ ಜಾಗ ಇಲ್ಲ" ಎಂದಳು ನನ್ನ ಹೆಂಡತಿ ವಿಜಿ.

ಆ ಸಾಸಿವೆ ಕಾಳಿನಷ್ಟು ದೀಪದ ದೆಸೆಯಿಂದ ನಾನು ಒಂದು ಇಡೀ ಚಳಿಗಾಲ ಹೊಟ್ಟೆ ಉರಿದುಕೊಂಡಿದ್ದೇನೆ. ಮಾಡಬಾರದ ಒಂದು ಕೆಲಸವನ್ನೂ ಮಾಡಿದ್ದೇನೆ. ಅದನ್ನು ಕಸದ ಬುಟ್ಟಿಗೆ ಹಾಕಲು ಮನಸ್ಸಾಗಲಿಲ್ಲ, ಅಷ್ಟೆ.

ಹೊಟ್ಟೆಕಿಚ್ಚು ನನಗೆ ಹೊಸದಲ್ಲ. ಮೈಸೂರಿನ ಯಾದವಗಿರಿಯಲ್ಲಿ, ರೈಲ್ವೆ ಕ್ವಾರ್ಟರ್ಸಿನಲ್ಲಿ ನಾವಿದ್ದಾಗ, ನಮ್ಮ ಬಚ್ಚಲಿನ ನೀರು ಕಾಯುತ್ತಿದ್ದದ್ದು ಹೊಟ್ಟಿನ ಒಲೆಯಲ್ಲಿ. ಸಾಮಿಲ್ಲಿನಿಂದ ಮೂಟೆಯಲ್ಲಿ ತಂದ ಮರದ ಹೊಟ್ಟನ್ನು ತಗಡಿನ ಒಲೆಯೊಳಗೆ ತುಂಬಬೇಕು. ನಡುವೆ ಒಂದು ಬಾಟಲಿ ನಿಲ್ಲಿಸಿ, ಸುತ್ತಲೂ ಹೊಟ್ಟನ್ನು ಗಟ್ಟಿಯಾಗಿ ಗುದ್ದಿ, ಆಮೇಲೆ ಬಾಟಲಿಯನ್ನು ಮೆಲ್ಲಗೆ ತಿರುಗಿಸುತ್ತ ಮೇಲೆ ಎಳೆಯಬೇಕು. ಕೈ ಸ್ವಲ್ಪ ಅದುರಿತೋ, ಹೊಟ್ಟೆಲ್ಲ ಕುಸಿದು ಮತ್ತೆ ಮೊದಲಿನಿಂದ. ಆ ಕೆಲಸ ನನ್ನದು. ನನ್ನ ಕೈ ಯಾವಾಗಲೂ ಅದುರುತ್ತಿತ್ತು, ಯಾಕೆಂದರೆ ನನ್ನ ಕಣ್ಣು ಪಕ್ಕದ ಮನೆಯ ಕಾಂಪೌಂಡಿನ ಮೇಲಿರುತ್ತಿತ್ತು. ಅಲ್ಲಿ ನಾಗರಾಜನ ಮನೆಯವರು ತಾಮ್ರದ ಬಾಯ್ಲರ್ ತಂದಿದ್ದರು. ಎರಡು ತುಂಡು ಸೌದೆ ಒಟ್ಟಿ ನಲ್ಲಿ ತಿರುಗಿಸಿದರೆ ಹಬೆಯಾಡುವ ನೀರು. ನಾಗರಾಜ ಚಳಿಗಾಲದ ಬೆಳಗ್ಗೆ ಕೆಂಪಗೆ ಬೆಂದ ಮೈಯಲ್ಲಿ, ತಲೆಯಿಂದ ಆವಿ ಏಳುತ್ತಿರುವಾಗಲೇ ಸ್ಕೂಲಿಗೆ ಬರುತ್ತಿದ್ದ. ಬಾಯ್ಲರ್ ನೀರಿಗೆ ಕೂದಲು ಉದುರುತ್ತದೆ ಎಂದು ನಾನು ಕ್ಲಾಸಿನಲ್ಲೆಲ್ಲ ಸುದ್ದಿ ಹಬ್ಬಿಸಿದೆ. ಮೂವತ್ತು ದಾಟುವ ಹೊತ್ತಿಗೆ ನನ್ನ ತಲೆ ಬೋಳಾಯಿತು. ನಾಗರಾಜನಿಗೆ ಈಗಲೂ ದಟ್ಟ ಕೂದಲಿದೆಯೆಂದು ಊರಿನವರು ಹೇಳುತ್ತಾರೆ.

ಇಂಥ ನಾನು, ಮೆಕ್ಯಾನಿಕಲ್ ಇಂಜಿನಿಯರಿಂಗ್ ಓದಿ, ಥರ್ಮೋಡೈನಾಮಿಕ್ಸನ್ನು ಉರು ಹೊಡೆದು ಪಾಸು ಮಾಡಿ, ಕೊನೆಗೆ ಜರ್ಸಿ ಸಿಟಿಯಲ್ಲಿ ಒಂದು ಬ್ಯಾಂಕಿನ ಸಾಫ್ಟ್‌ವೇರ್ ಪರೀಕ್ಷೆ ಮಾಡುವ ಕೆಲಸದಲ್ಲಿ ನೆಲೆ ನಿಂತೆ. ಹ್ಯಾರಿಸನ್ ಸ್ಟೇಷನ್ನಿನಿಂದ ಹತ್ತು ನಿಮಿಷದ ದಾರಿಯಲ್ಲಿ ಒಂದು ಟೌನ್‌ಹೌಸ್ ಕೊಂಡೆ. ಒಂದಕ್ಕೊಂದು ಗೋಡೆ ಅಂಟಿಕೊಂಡ ಆರು ಮನೆಗಳ ಸಾಲು, ನಮ್ಮದು ಕೊನೆಯದು. ಅಲ್ಲಿ ಗ್ಯಾಸಿನ ಕುಲುಮೆ ಇರಲಿಲ್ಲ, ಹೀಟ್ ಪಂಪ್ ಇತ್ತು. ಹೊರಗಿನ ಚಳಿಗಾಳಿಯಲ್ಲಿ ಉಳಿದಿರುವ ಅಷ್ಟಿಷ್ಟು ಶಾಖವನ್ನೂ ಹೀರಿ ಮನೆಯೊಳಗೆ ತಂದು ಸುರಿಯುವ ಯಂತ್ರ. ಫ್ರಿಜ್ಜನ್ನು ಹಿಂದುಮುಂದಾಗಿ ಇಟ್ಟ ಹಾಗೆ. ಪರೀಕ್ಷೆಯಲ್ಲಿ ಅದರ ಚಿತ್ರ ಬರೆದು ನಾನು ಹದಿನಾರಕ್ಕೆ ಹದಿನಾಲ್ಕು ಅಂಕ ತೆಗೆದಿದ್ದೆ. ಮನೆಯಲ್ಲಿ ಆ ಯಂತ್ರವೇ ಎದುರಿಗೆ ಬಂದು ನಿಂತಾಗ ನನಗೆ ಅದರ ತಲೆಬುಡ ತಿಳಿಯಲಿಲ್ಲ. ಅದರಿಂದ ಬರುವ ಗಾಳಿ ಬಿಸಿಯಾಗಿರಲಿಲ್ಲ, ಉಗುರು ಬೆಚ್ಚಗೆ, ಯಾರೋ ಉಸಿರು ಬಿಟ್ಟ ಹಾಗೆ ಬರುತ್ತಿತ್ತು. ಇದು ಸಾಲದು ಎಂದು ನಾನು ಗುಂಡಿ ಒತ್ತುತ್ತಿದ್ದೆ. ಕೆಂಪು ದೀಪ ಹತ್ತುತ್ತಿತ್ತು. ಆಗ ಬರುವ ಗಾಳಿ ನಿಜಕ್ಕೂ ಬಿಸಿ. ತಿಂಗಳ ಕೊನೆಗೆ ಬರುವ ಕರೆಂಟ್ ಬಿಲ್ಲು ಅದಕ್ಕಿಂತ ಬಿಸಿ.

ಪಕ್ಕದ ಮನೆಯಲ್ಲಿ ಮುನೀರ್ ಇದ್ದರು. ಮೈಸೂರಿನ ಮಂಡಿ ಮೊಹಲ್ಲದವರು, ಬಿ.ಕಾಂ. ಓದಿದವರು. ಕ್ವೀನ್ಸಿನ ಜ್ಯಾಕ್ಸನ್ ಹೈಟ್ಸ್‌ನಲ್ಲಿ ಅವರದೊಂದು ಸೀರೆ ಅಂಗಡಿ. ಅವರ ಹೆಂಡತಿ ಫರ್ಹಾನಾ ಒಂದು ಔಷಧಿ ಅಂಗಡಿಯಲ್ಲಿ ಕೆಲಸ ಮಾಡುತ್ತಿದ್ದರು. ನಾವು ಮನೆಗೆ ಬಂದ ದಿನ ಅವರಿಬ್ಬರೂ ಚಹದ ಫ್ಲಾಸ್ಕ್ ಹಿಡಿದು ಬಂದು, ನಮ್ಮ ಪೆಟ್ಟಿಗೆಗಳ ಮೇಲೆ ಬರೆದಿದ್ದ ಕನ್ನಡ ಓದಿ ನಗಾಡಿದ್ದರು. ಪರದೇಶದಲ್ಲಿ ಗೋಡೆಯಾಚೆ ಮೈಸೂರಿನವರು ಸಿಗುವುದು ಸಣ್ಣ ಭಾಗ್ಯವಲ್ಲ. ಮೊದಲ ವರ್ಷವೆಲ್ಲ ನಾನೂ ಹಾಗೇ ಅಂದುಕೊಂಡಿದ್ದೆ.

ಎರಡು ಸಾವಿರದ ಎಂಟರ ಚಳಿಗಾಲದಲ್ಲಿ ಅದು ಕೆಟ್ಟಿತು. ಒಂದು ಸಂಜೆ ವಿಜಿ ಪಕ್ಕದ ಮನೆಯಿಂದ ಬಂದು ಸ್ವೆಟರ್ ಬಿಚ್ಚುತ್ತ ಹೇಳಿದಳು: "ಮುನೀರ್ ಅವರ ಮನೇಲಿ ಆ ಕೆಂಪು ಲೈಟು ಹತ್ತೋದೇ ಇಲ್ವಂತೆ ಕಣ್ರೀ. ಈ ವಿಂಟರಲ್ಲಿ ಒಂದು ಸಲಾನೂ ಹತ್ತಿಲ್ಲ ಅಂದ್ರು ಫರ್ಹಾನಾ."

"ಅವರದು ನಡುವಿನ ಮನೆ. ಎರಡೂ ಕಡೆ ಗೋಡೆಯಿಂದ ಶಾಖ ಬರುತ್ತೆ. ನಮ್ಮದು ಮೂಲೆ ಮನೆ" ಎಂದೆ.

"ಅದಕ್ಕಲ್ಲ. ಮುನೀರ್‌ಗೆ ಅದನ್ನ ಹೇಗೆ ಇಟ್ಕೋಬೇಕು ಅಂತ ಗೊತ್ತಂತೆ."

ಎಂಟು ವರ್ಷದ ಮಗಳು ಅನಘಾ ಹೋಂವರ್ಕಿನಿಂದ ತಲೆ ಎತ್ತಿ, "ಡ್ಯಾಡಿ, ಯು ಆರ್ ದಿ ಇಂಜಿನಿಯರ್, ರೈಟ್?" ಎಂದಳು.

ಅವತ್ತಿನಿಂದ ನನಗೆ ನಿದ್ದೆ ಕೆಟ್ಟಿತೆಂದರೆ ನೀವು ನಗಬಹುದು. ಆದರೆ ಆ ದಿನಗಳನ್ನು ಸ್ವಲ್ಪ ನೆನಪಿಸಿಕೊಳ್ಳಿ. ಬ್ಯಾಂಕುಗಳು ಒಂದೊಂದಾಗಿ ಮಲಗುತ್ತಿದ್ದ ಕಾಲ. ಬೆಳಗ್ಗೆ ಪಕ್ಕದ ಕುರ್ಚಿಯಲ್ಲಿ ಇದ್ದವನು ಮಧ್ಯಾಹ್ನ ರಟ್ಟಿನ ಪೆಟ್ಟಿಗೆಯಲ್ಲಿ ಮಗುವಿನ ಫೋಟೋ, ಕಾಫಿ ಲೋಟ ಹಾಕಿಕೊಂಡು ಲಿಫ್ಟಿನ ಕಡೆ ನಡೆಯುತ್ತಿದ್ದ. ನಮ್ಮ ಗುಂಪಿಗೆ ವಾರಕ್ಕೆ ನಾಲ್ಕೇ ದಿನ ಕೆಲಸ, ನಾಲ್ಕೇ ದಿನದ ಸಂಬಳ ಎಂದು ಮಾಡಿದ್ದರು. ಶುಕ್ರವಾರ ಮನೆಯಲ್ಲಿ ಕೂರಬೇಕಾಗಿತ್ತು. ಯಾವುದೂ ಕೈಯಲ್ಲಿಲ್ಲದ ಕಾಲದಲ್ಲಿ ಮನುಷ್ಯ ಕೈಗೆ ಸಿಗುವ ಗುಂಡಿಯನ್ನು ಒತ್ತುತ್ತಾನೆ. ನಾನು ಕೆಲಸಕ್ಕೆ ಹೊರಡುವಾಗ ಥರ್ಮೋಸ್ಟಾಟನ್ನು ಐವತ್ತೆಂಟಕ್ಕೆ ಇಳಿಸುತ್ತಿದ್ದೆ, ಬಂದ ಕೂಡಲೇ ಎಪ್ಪತ್ತೆರಡಕ್ಕೆ ಏರಿಸುತ್ತಿದ್ದೆ. ಇಲ್ಲಿಯ ಡಿಗ್ರಿ ಫ್ಯಾರನ್‌ಹೀಟ್; ಅರವತ್ತೆಂಟು ಎಂದರೆ ಮೈಸೂರಿನ ಡಿಸೆಂಬರ್ ಬೆಳಗು ಎಂದು ಲೆಕ್ಕ ಹಿಡಿಯಿರಿ. ಖಾಲಿ ಮನೆಯನ್ನು ಯಾಕೆ ಕಾಯಿಸಬೇಕು ಎಂಬುದು ನನ್ನ ತರ್ಕ. ನಾನು ಎಷ್ಟು ಜಾಣತನದಿಂದ ಏರಿಳಿಸಿದರೂ ಕೆಂಪು ದೀಪ ಅಷ್ಟೇ ನಿಷ್ಠೆಯಿಂದ ಹತ್ತುತ್ತಿತ್ತು.

ಒಂದು ಶುಕ್ರವಾರ ಕಿಟಕಿಯಿಂದ ನೋಡಿದರೆ, ಹಿತ್ತಲಲ್ಲಿದ್ದ ನಮ್ಮ ಹೀಟ್ ಪಂಪಿನಿಂದ ದಟ್ಟವಾಗಿ ಹೊಗೆ ಏಳುತ್ತಿತ್ತು. ಅಡುಗೆ ಮನೆಯಿಂದ ಬಕೆಟ್ಟಿನಲ್ಲಿ ನೀರು ತುಂಬಿಕೊಂಡು ಓಡಿದೆ. ಬೇಲಿಯ ಆಚೆ ಮುನೀರ್ ಅಂಗಡಿಗೆ ಹೊರಡಲು ಕಾರಿನ ಗಾಜಿನ ಹಿಮ ಕೆರೆಯುತ್ತಿದ್ದರು.

"ಸಾರ್, ಸಾರ್, ನೀರು ಹಾಕ್ಬೇಡಿ" ಎಂದು ಕೂಗಿದರು. "ಅದು ಹೊಗೆ ಅಲ್ಲ, ಆವಿ. ಮೈಮೇಲೆ ಕಟ್ಟಿರೋ ಹಿಮಾನ ತಾನೇ ಕರಗಿಸ್ಕೊಳ್ತಿದೆ. ಐದು ನಿಮಿಷ ಬಿಡಿ, ನಿಲ್ಲುತ್ತೆ."

ಐದು ನಿಮಿಷ ಆಗುವ ಮೊದಲೇ ನಿಂತಿತು. ನಾನು ಬಕೆಟ್ ಹಿಡಿದುಕೊಂಡೇ ನಿಂತಿದ್ದೆ. ಅವರು ಹಿಮ ಕೆರೆಯುವ ಬ್ರಷ್ಷನ್ನು ಬಗಲಿಗೆ ಸಿಕ್ಕಿಸಿಕೊಂಡು ಬೇಲಿಯ ಹತ್ತಿರ ಬಂದರು.

"ನಿಮ್ಮನೇಲಿ ಆಕ್ಸ್ ಜಾಸ್ತಿ ಹತ್ತುತ್ತೆ ಅಂತ ವಿಜಿ ಅಕ್ಕ ಹೇಳ್ತಿದ್ರು. ನಾನು ಅಂಗಡಿ ಭಾಷೇಲಿ ಹೇಳ್ಲಾ ಸಾರ್? ಹೀಟ್ ಪಂಪ್ ಅಂದ್ರೆ ನಮ್ಮ ಖಾಯಂ ಗುಮಾಸ್ತ. ನಿಧಾನ, ಆದ್ರೆ ಕಡಿಮೆ ಸಂಬಳಕ್ಕೆ ದಿನಪೂರ್ತಿ ದುಡೀತಾನೆ. ಆಕ್ಸ್ ಅಂದ್ರೆ ಹಬ್ಬದ ರಶ್ಶಿಗೆ ಕರೆಸೋ ದಿನಗೂಲಿ ಆಳು. ಬರೀ ಕರೆಂಟಿನ ಸುರುಳಿ ಕಾಯೋದು ಅದು, ಇಸ್ತ್ರಿ ಪೆಟ್ಟಿಗೆ ಥರ. ಮೂರು ಪಟ್ಟು ಕೂಲಿ. ಒಂದು ಡಿಗ್ರಿ ಏರಿಸಿದ್ರೆ ಗುಮಾಸ್ತನೇ ನೋಡ್ಕೊಳ್ತಾನೆ. ನೀವು ಹತ್ತು ಹನ್ನೆರಡು ಡಿಗ್ರಿ ಒಟ್ಟಿಗೆ ಏರಿಸಿದ್ರೆ ಅವನು ನನ್ನ ಕೈಲಾಗಲ್ಲ ಅಂತ ಆಳನ್ನ ಕರೀತಾನೆ. ಅದಕ್ಕೆ ಒಂದು ನಂಬರಿಗೆ ಇಟ್ಟು ಮರೆತುಬಿಡಬೇಕು. ಹೊರಗೆ ತೀರಾ ಚಳಿ ಬಿದ್ದಾಗ ಆಗಾಗ ಹತ್ತಿದ್ರೆ ಹತ್ಲಿ, ಅದು ಇರೋದೇ ಅದಕ್ಕೆ."

ನನ್ನ ನಾಲ್ಕು ವರ್ಷದ ಇಂಜಿನಿಯರಿಂಗನ್ನು ಸೀರೆ ವ್ಯಾಪಾರಿಯೊಬ್ಬರು ಬೇಲಿಯಾಚೆ ನಿಂತು, ಕೈಗವಸು ಕೂಡ ಬಿಚ್ಚದೆ, ಎರಡು ನಿಮಿಷದಲ್ಲಿ ತಿಳಿಸಿಕೊಟ್ಟಿದ್ದರು. ಅವರು ಹೇಳಿದ್ದು ಅಕ್ಷರಶಃ ಸರಿಯಾಗಿತ್ತು. ಅದೇ ನನಗೆ ತಡೆಯಲಾಗದ್ದು. "ಹೂಂ, ಅದೆಲ್ಲ ಗೊತ್ತು. ನಮ್ಮದು ಮೂಲೆ ಮನೆ ನೋಡಿ" ಎಂದು ಒಳಗೆ ಬಂದೆ. ಹಟಕ್ಕೆ ಬಿದ್ದು ಅವತ್ತು ಸಂಜೆಯೂ ಎಪ್ಪತ್ತೆರಡಕ್ಕೆ ಏರಿಸಿದೆ.

ಆ ತಿಂಗಳು ನಾನು ಹೇಗಾದೆನೆಂದರೆ, ಗೋಡೆಗೆ ಕಿವಿ ಕೊಟ್ಟು ಪಕ್ಕದ ಮನೆಯ ಯಂತ್ರದ ಸದ್ದು ಕೇಳುತ್ತಿದ್ದೆ. ಅವರ ಮನೆಗೆ ಹೋದಾಗಲೆಲ್ಲ ನನ್ನ ಕಣ್ಣು ಮೊದಲು ಹೋಗುತ್ತಿದ್ದದ್ದು ನಡುಮನೆಯಿಂದ ಬಚ್ಚಲಿಗೆ ಹೋಗುವ ಓಣಿಯ ಗೋಡೆಗೆ. ಅಲ್ಲಿ ನಮ್ಮದರಂಥದ್ದೇ ಪೆಟ್ಟಿಗೆ. ದೀಪ ಆರಿಯೇ ಇರುತ್ತಿತ್ತು. ಇಷ್ಟರ ಮೇಲೆ ವಿಜಿ ಮುನೀರರ ಹೆಸರನ್ನು ಉಪ್ಪಿನಕಾಯಿಯ ಹಾಗೆ ಎಲ್ಲ ಊಟಕ್ಕೂ ಬಡಿಸುತ್ತಿದ್ದಳು. ಮುನೀರ್ ಟೈರ್ ಬದಲಾಯಿಸಿದರಂತೆ, ಮುನೀರ್ ಕಿಟಕಿಗೆಲ್ಲ ಪ್ಲಾಸ್ಟಿಕ್ ಅಂಟಿಸಿದರಂತೆ, ಮುನೀರ್ ಅವರ ತಾಯಿಯನ್ನು ಮೈಸೂರಿನಿಂದ ಕರೆಸಿಕೊಂಡಿದ್ದಾರಂತೆ.

ತಾಯಿಯನ್ನು ನಾವೆಲ್ಲರೂ ಅಮ್ಮಿ ಎಂದೇ ಕರೆಯುತ್ತಿದ್ದೆವು. ಎಪ್ಪತ್ತು ದಾಟಿದವರು, ಬಡಕಲು ಮೈ, ಹೊದ್ದ ಶಾಲಿನೊಳಗೆ ಅರ್ಧ ಮುಳುಗಿ ಸೋಫಾದ ಒಂದೇ ಮೂಲೆಯಲ್ಲಿ ಕೂತು ತಸ್ಬೀ ಮಣಿ ಎಣಿಸುತ್ತಿದ್ದರು. ನಾನು ಯಾದವಗಿರಿಯವನು ಎಂದು ತಿಳಿದ ಕೂಡಲೇ ಅವರ ಮುಖ ಅರಳಿತ್ತು. "ರೈಲ್ವೆ ಗೇಟ್ ಪಕ್ಕ ಒಂದು ಹುಣಸೆ ಮರ ಇತ್ತಲ್ಲಪ್ಪ, ಇದೆಯಾ ಇನ್ನೂ?" ಎಂದು ಕೇಳಿದ್ದರು. ನನಗೆ ಆ ಮರ ನೆನಪಿರಲಿಲ್ಲ. ಇದೆ ಎಂದೆ.

ಜನವರಿಯ ಒಂದು ಭಾನುವಾರ ಮಧ್ಯಾಹ್ನ ಮುನೀರ್ ನಮ್ಮನ್ನು ಊಟಕ್ಕೆ ಕರೆದರು. ಹೊರಗೆ ಮೊಣಕಾಲುದ್ದ ಹಿಮ. ನಾವು ಸಸ್ಯಾಹಾರಿಗಳೆಂದು ಫರ್ಹಾನಾ ಅವತ್ತು ಮನೆಯಲ್ಲಿ ಮಾಂಸವನ್ನೇ ಮಾಡಿರಲಿಲ್ಲ. ತರಕಾರಿ ಪಲಾವ್, ಬದನೆಕಾಯಿ ಬಗಾರ, ಶಾವಿಗೆ ಪಾಯಸ. "ವಿಜಿ ಅಕ್ಕಾ, ಪಾತ್ರೇನೂ ಹೊಸದೇ ತಂದಿದೀನಿ, ನೀವು ಯೋಚ್ನೆ ಮಾಡ್ಬೇಡಿ" ಎಂದರು. ವಿಜಿ ಅವರ ಕೈ ಹಿಡಿದುಕೊಂಡಳು. ನನಗೆ ಮಾತ್ರ ಆ ಮನೆ ಸ್ವಲ್ಪ ತಣ್ಣಗಿದೆ ಎನಿಸಿತು. ತಣ್ಣಗಿದೆ ಎಂದು ಅನಿಸಿದ್ದೇ ಒಂದು ಸಣ್ಣ ಸಂತೋಷ.

ಊಟಕ್ಕೆ ಕೂರುವ ಮೊದಲು ಕೈ ತೊಳೆಯಲು ಎದ್ದೆ. ಓಣಿಯಲ್ಲಿ ಯಾರೂ ಇರಲಿಲ್ಲ. ಗೋಡೆಯ ಪೆಟ್ಟಿಗೆ ಅರವತ್ತಮೂರು ಎಂದು ತೋರಿಸುತ್ತಿತ್ತು. ನಾನು ಏನನ್ನೂ ಯೋಚಿಸಲಿಲ್ಲ ಎಂದು ಹೇಳಿದರೆ ಸುಳ್ಳಾಗುತ್ತದೆ. ಯೋಚಿಸಿದೆ. ಒಂದೇ ಒಂದು ಸಲ ಈ ಮನೆಯಲ್ಲೂ ಅದು ಹತ್ತಲಿ, ವಿಜಿ ಅದನ್ನು ನೋಡಲಿ, ಸಾಕು ಎಂದು ಯೋಚಿಸಿದೆ. ಗುಂಡಿಯನ್ನು ಹನ್ನೊಂದು ಸಲ ಒತ್ತಿದೆ. ಎಪ್ಪತ್ತನಾಲ್ಕು. ಕೆಂಪು ದೀಪ ಹತ್ತಿತು. ನಾಗರಾಜನ ಬಾಯ್ಲರ್ ತೂತು ಬಿದ್ದಿದ್ದರೂ ನನಗೆ ಅಷ್ಟು ಖುಷಿಯಾಗುತ್ತಿರಲಿಲ್ಲ. ತಿರುಗಿದರೆ, ಓಣಿಯ ಆ ತುದಿಗೆ ನೇರವಾಗಿ ಕಾಣುವ ಸೋಫಾದ ಮೂಲೆಯಿಂದ ಅಮ್ಮಿ ನನ್ನನ್ನೇ ನೋಡುತ್ತಿದ್ದರು. ಅವರ ಬೆರಳಲ್ಲಿ ಮಣಿ ನಿಂತಿತ್ತು. ಮುದುಕಿ, ಏನು ಅರ್ಥವಾಗಿರುತ್ತದೆ ಎಂದುಕೊಂಡು ಹೋಗಿ ಊಟಕ್ಕೆ ಕೂತೆ.

ಪಲಾವಿನ ಎರಡನೇ ತುತ್ತು ಬಾಯಲ್ಲಿರುವಾಗ ಸುಟ್ಟ ವಾಸನೆ ಬಂತು. ಫರ್ಹಾನಾ ಒಲೆಯ ಕಡೆ ಓಡಿದರು, ಒಲೆ ಆರಿತ್ತು. ವಾಸನೆ ಬರುತ್ತಿದ್ದದ್ದು ಬಿಸಿಗಾಳಿ ಹೊರಡುವ ನೆಲದ ಜಾಲರಿಗಳಿಂದ. ಅಷ್ಟರಲ್ಲಿ ಚಾವಣಿಯ ಹೊಗೆ ಗಂಟೆ ಕಿವಿ ಒಡೆಯುವ ಹಾಗೆ ಕೂಗಲು ಶುರುವಾಯಿತು. ಮುನೀರ್ ಎದ್ದು, "ಎಲ್ರೂ ಹೊರಗೆ, ಹೊರಗೆ" ಎಂದರು. ಅನಘಾ ಅಳತೊಡಗಿದಳು. ಮುನೀರ್ ತಾಯಿಯನ್ನು ಎರಡೂ ಕೈಯಲ್ಲಿ ಎತ್ತಿಕೊಂಡು ಹೊರಗೆ ಬಂದರು. ನಾವೆಲ್ಲ ಕಾಲುಚೀಲದಲ್ಲೇ ಹಿಮದಲ್ಲಿ ನಿಂತೆವು. ಸಾಲಿನ ಬೇರೆ ಮನೆಯವರು ಯಾರೋ ಫೋನ್ ಮಾಡಿದ್ದಕ್ಕೆ ಅಗ್ನಿಶಾಮಕದ ಕೆಂಪು ಲಾರಿ ಬಂತು; ದಪ್ಪ ಕೋಟಿನ ನಾಲ್ವರು ಒಳಗೆ ನುಗ್ಗಿದರು. ಅಮ್ಮಿ ಕೆಮ್ಮುತ್ತಿದ್ದರು. ವಿಜಿ ತನ್ನ ಸೆರಗನ್ನು ಅವರ ತಲೆಗೆ ಸುತ್ತಿ, ಅವರ ಪಾದಗಳನ್ನು ಎತ್ತಿ ತನ್ನ ಪಾದದ ಮೇಲೆ ಇರಿಸಿಕೊಂಡು ನಿಂತಿದ್ದಳು. ನನ್ನ ಬಾಯಲ್ಲಿ ಆ ತುತ್ತು ಹಾಗೇ ಇತ್ತು. ನುಂಗಲೂ ಆಗಲಿಲ್ಲ, ಉಗುಳಲೂ ಆಗಲಿಲ್ಲ.

ಹತ್ತು ನಿಮಿಷದಲ್ಲಿ ಅವರಲ್ಲೊಬ್ಬ ಹೊರಗೆ ಬಂದು, ಏನೂ ಆಗಿಲ್ಲ, ಒಳಗೆ ಹೋಗಿ ಎಂದ. ಆಕ್ಸಿಲಿಯರಿಯ ಸುರುಳಿಗಳು ಬಹಳ ದಿನದ ಮೇಲೆ ಒಟ್ಟಿಗೆ ಕಾದಿವೆ, ಅವುಗಳ ಮೇಲೆ ಕೂತಿದ್ದ ಧೂಳು ಸುಟ್ಟಿದೆ, ಅಷ್ಟೆ. ಎಲ್ಲರ ಮನೆಯಲ್ಲೂ ಆಗುತ್ತದೆ. ನಾವು ಒಳಗೆ ಬಂದ ಮೇಲೆ, ಹೋಗುವ ಮೊದಲು, "ಯಾರೋ ಎಪ್ಪತ್ತನಾಲ್ಕಕ್ಕೆ ಏರಿಸಿದ್ದೀರಿ. ಒಂದೇ ಸಲ ಅಷ್ಟು ಏರಿಸಬೇಡಿ" ಎಂದು ಸೇರಿಸಿದ.

ಮುನೀರ್ ಫರ್ಹಾನಾರ ಮುಖ ನೋಡಿದರು. ಫರ್ಹಾನಾ ಇಲ್ಲವೆಂದು ತಲೆಯಾಡಿಸಿದರು. ನಾನು ನನ್ನ ಕಾಲುಚೀಲದ ತೂತು ನೋಡುತ್ತಿದ್ದೆ. ಹೇಳು, ಈಗಲೇ ಹೇಳು ಎಂದು ಒಳಗೆ ಯಾರೋ ನೂಕುತ್ತಿದ್ದರು.

"ನಾನೇ ಕಣಪ್ಪ" ಎಂದರು ಅಮ್ಮಿ. "ಚಳಿ ಆಗ್ತಿತ್ತು. ಒತ್ತಿಬಿಟ್ಟೆ."

ಮುನೀರ್ ತಾಯಿಯ ಮುಂದೆ ಮಂಡಿಯೂರಿ, ಅವರ ಒದ್ದೆ ಕಾಲುಚೀಲ ಎಳೆದು ತೆಗೆಯುತ್ತ, "ಚಳಿ ಆಗ್ತಿತ್ತು ಅಂತ ನಂಗ್ಯಾಕೆ ಹೇಳ್ಲಿಲ್ಲ ಅಮ್ಮೀ?" ಎಂದು ಕೇಳಿದರು. ಅಮ್ಮಿ ನನ್ನ ಕಡೆ ನೋಡಲೇ ಇಲ್ಲ.

ಅವತ್ತಿನಿಂದ ಪಕ್ಕದ ಮನೆ ಎಪ್ಪತ್ತರಲ್ಲಿ ನಿಂತಿತು. ಹೊರಗಿನ ಚಳಿ ಏರಿದಾಗಲೆಲ್ಲ ಅವರ ಮನೆಯಲ್ಲೂ ಕೆಂಪು ದೀಪ ಹತ್ತತೊಡಗಿತು. ವಿಜಿಯೇ ಬಂದು ಹೇಳಿದಳು. ನಾನು ಕಾದಿದ್ದ ಸುದ್ದಿ ಅದು. ಕೇಳಿದಾಗ ಪಲಾವಿನ ಆ ತುತ್ತು ಗಂಟಲಿಗೆ ಮರಳಿ ಬಂದ ಹಾಗಾಯಿತು.

ಮುಂದಿನ ಶುಕ್ರವಾರ, ಮುನೀರ್ ಅಂಗಡಿಗೆ, ಫರ್ಹಾನಾ ಕೆಲಸಕ್ಕೆ ಹೋದ ಮೇಲೆ, ಪಾಯಸದ ಡಬ್ಬಿ ವಾಪಸು ಕೊಡುವ ನೆಪದಲ್ಲಿ ಬೆಲ್ ಒತ್ತಿದೆ. ಅಮ್ಮಿ ಬಾಗಿಲು ತೆಗೆದರು. ಡಬ್ಬಿಯನ್ನು ಮೇಜಿನ ಮೇಲಿಟ್ಟು, ನಿಂತುಕೊಂಡೇ ಹೇಳಿದೆ: "ಅಮ್ಮೀ, ಅವತ್ತು ಒತ್ತಿದ್ದು ನಾನು."

"ನೋಡಿದ್ನಲ್ಲಪ್ಪ. ಕೂತ್ಕೊ" ಎಂದರು.

"ಮತ್ತೆ ನೀವ್ಯಾಕೆ ನಿಮ್ಮ ಮೇಲೆ ಹಾಕ್ಕೊಂಡ್ರಿ?"

"ಊಟಕ್ಕೆ ಕರೆದ ಮನೇಲಿ ಹತ್ತು ಜನದ ಮುಂದೆ ಮರ್ಯಾದೆ ಹೋಗ್ಬೇಕಾ ನಿಂದು? ಹೆಂಡ್ತಿ ಇದ್ಲು, ಮಗು ಇತ್ತು." ಶಾಲು ಸರಿಮಾಡಿಕೊಂಡರು. "ಆಮೇಲೆ ನಾನು ಹೇಳಿದ್ದು ಪೂರ್ತಿ ಸುಳ್ಳೇನಲ್ಲ. ಬಂದಾಗಿಂದ ಚಳೀಲಿ ಮೂಳೆ ಕೊರೀತಿತ್ತು. ಎರಡು ಸ್ವೆಟರ್ ಹಾಕ್ಕೊಂಡು ಮಲಗ್ತಿದ್ದೆ."

"ಮುನೀರ್‌ಗೆ ಒಂದು ಮಾತು ಹೇಳಿದ್ರೆ ಆಗ್ತಿತ್ತಲ್ಲ."

"ಹೇಗೆ ಹೇಳ್ಲಿ? ಅಂಗಡೀಗೆ ಜನಾನೇ ಬರ್ತಿಲ್ಲ. ಕೆಲಸದವರಿಬ್ಬರನ್ನೂ ಬಿಡಿಸಿ ಒಬ್ಬನೇ ಬಾಗಿಲು ತೆಗೀತಾನೆ, ಒಬ್ಬನೇ ಗುಡಿಸ್ತಾನೆ. ನನ್ನ ಮುಂದೆ ನಗ್ತಾ ಬರ್ತಾನೆ. ಅಂಥೋನ ಹತ್ರ ಹೋಗಿ, ಬೇಟಾ, ನಿನ್ನ ಮನೆ ತಣ್ಣಗಿದೆ ಅನ್ನೋಕಾಗುತ್ತಾ?"

ನಾನು ಒಂದು ಇಡೀ ಚಳಿಗಾಲ ಅಸೂಯೆಪಟ್ಟದ್ದು ಮುನೀರರ ಜಾಣತನಕ್ಕೆ. ಒಂದು ನಂಬರಿಗೆ ಇಟ್ಟು ಮರೆಯುವ ಜಾಣತನ ಅವರಿಗೆ ಇದ್ದದ್ದೂ ನಿಜ. ಆದರೆ ಆ ನಂಬರು ಅರವತ್ತಮೂರು ಯಾಕೆ ಎಂದು ನಾನು ಒಂದು ಸಲವೂ ಕೇಳಿಕೊಂಡಿರಲಿಲ್ಲ. ಮನೆ ತಣ್ಣಗಿದೆ ಎಂದು ನನಗೇ ಅನಿಸಿತ್ತು, ಅದರಿಂದ ಖುಷಿಪಟ್ಟಿದ್ದೆ.

"ಸಂಜೆ ಮುನೀರ್ ಬಂದ್ಮೇಲೆ ನಾನೇ ಹೇಳ್ತೀನಿ" ಎಂದೆ.

"ಬೇಡ" ಎಂದರು ಅಮ್ಮಿ, ಗಟ್ಟಿಯಾಗಿ. "ಹೇಳಿದ್ರೆ ಅವನು ಮತ್ತೆ ಇಳಿಸ್ತಾನೆ. ಅಮ್ಮಿಗೆ ಚಳಿ ಇಲ್ಲ, ಸುಮ್ನೆ ಹೇಳಿದ್ರು ಅಂದ್ಕೊಳ್ತಾನೆ. ನಾನು ಊರಿಗೆ ಹೋಗೋವರೆಗೂ ಬಾಯಿ ಮುಚ್ಕೊಂಡಿರು."

ತಪ್ಪು ಒಪ್ಪಿಕೊಂಡು ಹಗುರಾಗಲು ಹೋದವನು ಇನ್ನೂ ಭಾರವಾಗಿ ಬಂದೆ. ಮನೆಗೆ ಬಂದು ಥರ್ಮೋಸ್ಟಾಟನ್ನು ಅರವತ್ತೆಂಟಕ್ಕೆ ಇಟ್ಟು, ಆಮೇಲೆ ಮುಟ್ಟಲಿಲ್ಲ. ದಿನಗೂಲಿ ಆಳು ಬರುವುದು ತಾನಾಗಿಯೇ ಕಡಿಮೆಯಾಯಿತು. ವಿಜಿ ಒಂದು ದಿನ, "ಈಗ ನಮ್ಮನೇಲೂ ಹತ್ತಲ್ಲ ಕಣ್ರೀ. ಏನು ಮಾಡಿದ್ರಿ?" ಎಂದಳು. ಮುನೀರ್ ಹೇಳಿದ ಹಾಗೆ ಮಾಡಿದೆ ಎಂದೆ. ಆ ಹೆಸರನ್ನು ನಾನಾಗಿ ಎತ್ತಿದ್ದು ಅದೇ ಮೊದಲು.

ಶುಕ್ರವಾರಗಳು ಅಭ್ಯಾಸವಾದವು. ಹನ್ನೊಂದು ಗಂಟೆಗೆ ನಾನು ಹೋಗುತ್ತಿದ್ದೆ, ಅಮ್ಮಿ ಚಹ ಮಾಡುತ್ತಿದ್ದರು. ಮಂಡಿ ಮೊಹಲ್ಲದ ಬೇಕರಿಗಳು, ದೊಡ್ಡ ಗಡಿಯಾರದ ಹತ್ತಿರ ಕಳೆದುಹೋದ ಅವರ ಒಂದು ಕಿವಿಯೋಲೆ, ಬಕ್ರೀದಿಗೆ ತಂದ ಕುರಿ ಓಡಿಹೋಗಿ ಪೊಲೀಸ್ ಠಾಣೆಯಲ್ಲಿ ಸಿಕ್ಕಿದ್ದು. ನಾನು ಹೊಟ್ಟಿನ ಒಲೆಯ ಕಥೆ ಹೇಳಿದೆ. ಹುಣಸೆ ಮರ ನನಗೆ ನೆನಪಿಲ್ಲವೆಂದೂ ಒಂದು ದಿನ ಹೇಳಿಬಿಟ್ಟೆ. "ಗೊತ್ತಿತ್ತು ಬಿಡು, ಅದನ್ನ ನೀನು ಹುಟ್ಟೋಕೆ ಮುಂಚೇನೇ ಕಡಿದಿದ್ರು" ಎಂದರು.

ಇದರ ನಡುವೆ ಮುನೀರ್ ಸಿಕ್ಕಾಗಲೆಲ್ಲ ನನ್ನ ಪ್ರಾಣ ಹೋಗುತ್ತಿತ್ತು. "ನೋಡಿ ಸಾರ್, ನನ್ನ ಮನೇಲಿ ನನ್ನ ಅಮ್ಮಿ ಎರಡು ತಿಂಗಳು ನಡುಗಿದಾರೆ. ಲೈಟು ಹತ್ತಲಿಲ್ಲ ಅಂತ ನಾನು ಊರಿಗೆಲ್ಲ ಹೇಳ್ಕೊಂಡು ತಿರುಗಿದೀನಿ" ಎನ್ನುತ್ತಿದ್ದರು. ನಾನು ಬೂಟಿನ ಲೇಸು ಕಟ್ಟಲು ಬಗ್ಗುತ್ತಿದ್ದೆ. ಆ ಮೂರು ತಿಂಗಳಲ್ಲಿ ನನ್ನ ಬೂಟಿನ ಲೇಸು ಬಿಚ್ಚಿದಷ್ಟು ಯಾವ ಮಗುವಿನದೂ ಬಿಚ್ಚಿರಲಾರದು.

ಏಪ್ರಿಲ್‌ನಲ್ಲಿ ಅಮ್ಮಿ ಹೊರಟರು. ಫರ್ಹಾನಾಗೆ ರಜೆ ಸಿಗಲಿಲ್ಲ. ಏರ್‌ಪೋರ್ಟಿಗೆ ನಾನು ಜೊತೆಗೆ ಹೋದೆ. ಗಾಲಿಕುರ್ಚಿಯಲ್ಲಿ ಅವರನ್ನು ಒಳಗೆ ಕರೆದುಕೊಂಡು ಹೋಗುವಾಗ ನನ್ನನ್ನು ಹತ್ತಿರ ಕರೆದು, "ಇನ್ನು ನಿನ್ನಿಷ್ಟ ಕಣಪ್ಪ" ಎಂದು ಮೆಲ್ಲಗೆ ಹೇಳಿದರು. ಮುನೀರ್ ಗಾಜಿನ ಬಾಗಿಲಿನಾಚೆ ಅವರು ಮರೆಯಾಗುವವರೆಗೂ ಕೈ ಎತ್ತಿಕೊಂಡೇ ನಿಂತಿದ್ದರು.

ವಾಪಸು ಬರುವಾಗ ದಾರಿಯುದ್ದಕ್ಕೂ ಕಾರುಗಳು ಸಾಲುಗಟ್ಟಿದ್ದವು. ಎಡಕ್ಕೆ ಸಮುದ್ರ, ಸಂಜೆಯ ಬಿಸಿಲು. ಮುನೀರ್ ಡ್ರೈವ್ ಮಾಡುತ್ತಿದ್ದರು. ನಾನು ಎದುರಿನ ಕಾರಿನ ನಂಬರ್ ಪ್ಲೇಟ್ ನೋಡುತ್ತ ಹೇಳಿದೆ:

"ಮುನೀರ್ ಭಾಯ್, ಅವತ್ತು ಥರ್ಮೋಸ್ಟಾಟ್ ಏರಿಸಿದ್ದು ಅಮ್ಮಿ ಅಲ್ಲ, ನಾನು."

"ಗೊತ್ತು ಸಾರ್" ಎಂದರು.

"ಅಮ್ಮಿ ಹೇಳಿದ್ರಾ?"

"ಇಲ್ಲ. ಅಮ್ಮಿ ಕೈ ಭುಜದಿಂದ ಮೇಲಕ್ಕೆ ಹೋಗಲ್ಲ ಸಾರ್, ನಾಲ್ಕು ವರ್ಷ ಆಯ್ತು. ತಲೆ ಬಾಚೋಕೂ ಫರ್ಹಾನಾ ಬೇಕು. ಆ ಡಬ್ಬಿ ನನ್ನ ಮೂಗಿನ ಎತ್ತರಕ್ಕಿದೆ. ಅಲ್ಲಿಗೆ ಹೇಗೆ ಎಟುಕುತ್ತೆ? ಆ ಕಡೆ ಕೈ ತೊಳೆಯೋಕೆ ಹೋಗಿದ್ದೋರು ನೀವೊಬ್ಬರೇ."

ಕಾರು ಒಂದಿಷ್ಟು ಮುಂದೆ ಸರಿದು ಮತ್ತೆ ನಿಂತಿತು. ಮೂರು ತಿಂಗಳಿಂದ ಅವರು ನನ್ನೊಂದಿಗೆ ಬೇಲಿಯ ಹತ್ತಿರ ನಿಂತು ಮಾತಾಡಿದ್ದು, ಹಬ್ಬಕ್ಕೆ ಡಬ್ಬಿ ಕಳಿಸಿದ್ದು, ನಾನು ಲೇಸು ಕಟ್ಟಿದ್ದು ಎಲ್ಲವೂ ನನ್ನ ಕಣ್ಣ ಮುಂದೆ ಬಂತು.

"ಮತ್ತೆ ಒಂದು ಮಾತೂ ಕೇಳಲಿಲ್ಲವಲ್ಲ."

"ಕೇಳಿದ್ರೆ ನೀವು ಬರೋದು ಬಿಡ್ತಿದ್ರಿ. ಶುಕ್ರವಾರ ಬಂತು ಅಂದ್ರೆ ಅಮ್ಮಿ ಬೆಳಗ್ಗೇನೇ ಒಳ್ಳೆ ಸೀರೆ ಉಟ್ಕೊಂಡು ಕೂತಿರೋರು. ಯಾದವಗಿರಿ ಹುಡುಗ ಬರ್ತಾನೆ ಅಂತ. ಅವರ ಹತ್ರ ಮಾತಾಡೋಕೆ ಈ ಊರಲ್ಲಿ ಇನ್ಯಾರಿದ್ರು?" ಎದುರಿನ ರಸ್ತೆ ನೋಡುತ್ತ ಸೇರಿಸಿದರು. "ಆಮೇಲೆ ಅವರಿಗೆ ಚಳಿ ಆಗ್ತಿದ್ದದ್ದಂತೂ ನಿಜ. ಆ ಮಾತು ಹೇಳ್ವಾಗ ಅವರ ಮುಖ ನೋಡ್ದೆ. ಅದು ಸುಳ್ಳಿನ ಮುಖ ಆಗಿರ್ಲಿಲ್ಲ."

ಸಾರಿ ಎಂದೆ. ಅವರು ಅದನ್ನು ಕೇಳಿಸಿಕೊಂಡ ಹಾಗೆ ತೋರಲಿಲ್ಲ.

"ಒಂದು ಮಾತ್ರ ನಂಗೆ ಇವತ್ತಿಗೂ ತಿಳೀಲಿಲ್ಲ ಸಾರ್" ಎಂದರು. "ಯಾಕೆ ಮಾಡಿದ್ರಿ?"

ಏನೇನೋ ಹೇಳಬಹುದಿತ್ತು. ತಮಾಷೆಗೆ ಎನ್ನಬಹುದಿತ್ತು, ಅಮ್ಮಿಗೆ ಚಳಿ ಎಂದು ಕಂಡಿತು ಎಂದೂ ಎನ್ನಬಹುದಿತ್ತು. ಅಷ್ಟು ಹೊತ್ತಿಗೆ ನನ್ನಲ್ಲಿ ಸುಳ್ಳು ಮುಗಿದುಹೋಗಿತ್ತು.

"ಹೊಟ್ಟೆಕಿಚ್ಚಿಗೆ" ಎಂದೆ. "ನಿಮ್ಮ ಮನೇಲಿ ಆ ಲೈಟು ಹತ್ತಲ್ಲ, ನಿಮಗೆ ಎಲ್ಲಾ ಗೊತ್ತು, ಎಲ್ಲಾ ಸಲೀಸು. ಅದನ್ನ ನೋಡಿ ನನಗೆ ತಡಕೊಳ್ಳೋಕೆ ಆಗಲಿಲ್ಲ."

ಮುನೀರ್ ತಿರುಗಿ ನನ್ನ ಮುಖ ನೋಡಿದರು. ಹಿಂದಿನ ಕಾರಿನವನು ಹಾರ್ನ್ ಮಾಡಿದ; ಅವರು ಮುಂದಕ್ಕೆ ಸರಿಯಲಿಲ್ಲ. ಇಬ್ಬರು ಕೆಲಸದವರನ್ನು ಬಿಡಿಸಿ, ಕೊಳ್ಳುವವರಿಲ್ಲದ ಸೀರೆಗಳ ನಡುವೆ ದಿನವಿಡೀ ಒಬ್ಬರೇ ಕೂತು ಬರುತ್ತಿದ್ದ ಮನುಷ್ಯ. ಆ ವರ್ಷ ಅವರ ಬಗ್ಗೆ ಮರುಗಿದವರು ಬಹಳ ಜನ ಇದ್ದಿರಬೇಕು.

"ನನ್ನ ಮೇಲಾ?" ಎಂದರು.

"ನಿಮ್ಮ ಮೇಲೇ."

ಅವರು ಸೀಟಿನಲ್ಲಿ ಸ್ವಲ್ಪ ನೆಟ್ಟಗೆ ಕೂತರು. ಶರ್ಟಿನ ಕಾಲರ್ ಸರಿಮಾಡಿಕೊಂಡರು. ತುಟಿಯ ಮೂಲೆಯಲ್ಲಿ ನಗು ತಡೆದುಕೊಳ್ಳಲು ನೋಡಿ, ಆಗದೆ, ಮುಂದಿನ ರಸ್ತೆಯ ಕಡೆ ಮುಖ ತಿರುಗಿಸಿದರು.

"ಇನ್ನೊಂದ್ಸಲ ಹೇಳಿ ಸಾರ್" ಎಂದರು.

ನಾನು ಇನ್ನೊಂದು ಸಲ ಹೇಳಿದೆ.